ಉಪ್ಪಿನ ಉಗ್ರಾಣದ ಒಂದೇ ಪ್ರತಿ

ನನ್ನ ಸೋದರತ್ತೆ ಸಾಕ್ಷ್ಯಚಿತ್ರ ಮಾಡುತ್ತಾರೆ. ಸ್ವಂತ ಕ್ಯಾಮೆರಾ, ಸ್ವಂತ ಮೈಕು, ಹೀಗೆ ಮಾಡು ಎನ್ನುವವರು ಯಾರೂ ಇಲ್ಲ.

"ಸತ್ತೋರ ಸಿನಿಮಾ ಮಾಡ್ತಾಳೆ. ಅದಕ್ಕೇ ಹೀರೋಗಳು ಸಂಬಳ ಕೇಳಲ್ಲ" ಎಂದು ಅಪ್ಪ ರೇಗಿಸುತ್ತಾರೆ.

"ಕಾಟ ಕೊಡೋರು ಬದುಕಿರೋರೇ ಅಣ್ಣ" ಎನ್ನುತ್ತಾರೆ ಅತ್ತೆ.

ಅವರದೊಂದು ನಿಯಮವಿದೆ. ಮಾತಾಡಿದವರು ತಮ್ಮ ಚಿತ್ರಣ ನೋಡಿ 'ಇರಲಿ' ಎನ್ನುವವರೆಗೆ ಎರಡನೇ ಪ್ರತಿ ಮಾಡುವುದಿಲ್ಲ. ಕ್ಯಾಮೆರಾದ ಕಾರ್ಡಿನಲ್ಲೂ ಉಳಿಸಿಕೊಳ್ಳುವುದಿಲ್ಲ. ಬೇಡ ಎಂದರೆ ಅವರೆದುರೇ ಅಳಿಸುತ್ತಾರೆ. ಹತ್ತೊಂಬತ್ತು ವರ್ಷ ಜನ ಅವರೆದುರು ಬಾಯಿ ಬಿಟ್ಟದ್ದು ಈ ನಂಬಿಕೆಯಿಂದಲೇ.

ಈ ಸಲದ ಚಿತ್ರ ಬಂದರಿನ ಉಪ್ಪಿನ ಉಗ್ರಾಣದ್ದು. ಹಡಗಿನಲ್ಲಿ ಬಂದ ಪರದೇಶಿ ಕಂಪನಿ ಈ ದಡದಲ್ಲಿ ಕಟ್ಟಿದ ಮೊದಲ ಕಟ್ಟಡ ಅದು. ಪಾಠಪುಸ್ತಕದಲ್ಲಿ ಕಟ್ಟಿದ ಇಸವಿ ಮಾತ್ರ ಇದೆ. ಉಳಿದದ್ದು ಗೊತ್ತಿದ್ದದ್ದು ಬೀಗದಜ್ಜನಿಗೆ. ಉಗ್ರಾಣದ ಬೀಗ ಕಾಯುತ್ತಿದ್ದ ಮನೆತನ ಅವರದು. ಮೂಟೆ ಹೊರಲಾರೆವು ಎಂದ ನಲವತ್ತು ಜನರನ್ನು ಕಂಪನಿಯವರು ಒಳಗೆ ತಳ್ಳಿ ಬೀಗ ಹಾಕಿಸಿದ್ದರಂತೆ. ನಾಲ್ಕನೇ ದಿನ ತೆರೆದಾಗ ಒಬ್ಬರಿಗೂ ಉಸಿರಿರಲಿಲ್ಲ. ಬೀಗ ತಿರುಗಿಸಿದ್ದು ಅಜ್ಜನ ಹಿರಿಯರ ಕೈ. ಅಪ್ಪನಿಂದ ಮಗನಿಗೆ ಬಾಯಲ್ಲೇ ಬಂದಿದ್ದ ಇದನ್ನು ಅಜ್ಜ ಮೊದಲ ಸಲ ಹೊರಗಿನವರಿಗೆ ಹೇಳಿದ್ದರು. ಅತ್ತೆಯ ಬಳಿ ಬೇರೆ ಸಾಕ್ಷಿ ಇರಲಿಲ್ಲ.

ಆ ಮಾತನ್ನು ಅಜ್ಜನಿಗೆ ತೋರಿಸಲು ಅತ್ತೆ ಹಾರ್ಡ್ ಡಿಸ್ಕ್ ತೆಗೆದುಕೊಂಡು ಅವರ ಮನೆಗೆ ಹೋದರು. ಬಾಗಿಲು ತೆರೆದದ್ದು ಹಿರಿಯ ಮಗ. ಉಗ್ರಾಣವನ್ನು ಹೋಟೆಲ್ ಮಾಡುವ ಗುತ್ತಿಗೆ ಸಿಕ್ಕಿದ್ದು ಅವನಿಗೇ. ಅಜ್ಜನ ಕುರ್ಚಿಯ ಹಿಂದೆ ನಿಂತು ಅವನು ಪೂರ್ತಿ ನೋಡಿದ. ಒಮ್ಮೆಯೂ ಕಾಲು ಬದಲಿಸಲಿಲ್ಲ.

ಅಜ್ಜ ಕಣ್ಣೊರೆಸಿಕೊಂಡರು. "ಇರಲಿ ಮಗಳೇ. ಕಿವಿ ಮಾತ್ರ ಮೊರದಷ್ಟು ಅಗಲ ಬಂದಿದೆ."

"ಇನ್ನೊಂದು ಕಾಪಿ ಇಟ್ಕೊಂಡಿದೀರಾ ಮೇಡಂ?" ಮಗ ಮೆತ್ತಗೆ ಕೇಳಿದ.

"ಇಲ್ಲಪ್ಪ. ಅಜ್ಜ ಹೂಂ ಅಂದಿದ್ದು ಈಗ ತಾನೇ, ಇನ್ನು ಮಾಡ್ಬೇಕು."

"ಒಳ್ಳೇದಾಯ್ತು." ಅವನು ಟೀವಿಯಿಂದ ವೈರು ಕಿತ್ತು ಡಿಸ್ಕನ್ನು ಜೇಬಿಗೆ ಹಾಕಿಕೊಂಡ. "ಎಲ್ಲರೂ ಒಂದ್ಸಲ ನೋಡಿ ಕೊಡ್ತೀವಿ. ಮನೆ ಮಾತಲ್ವಾ."

ಅತ್ತೆ ಕೈ ಚಾಚಿದರು. ಆ ಕೈಗೆ ಅವನು ಅವರ ಬ್ಯಾಗು ಕೊಟ್ಟ.

ಎರಡು ದಿನ ಬಿಟ್ಟು ಮಗನ ಫೋನು ಬಂತು. ಡಿಸ್ಕ್ ಓಪನ್ ಆಗುತ್ತಿಲ್ಲ, ಹಾಳಾಗಿರಬೇಕು ಎಂದ. ಅತ್ತೆ ಕ್ಯಾಮೆರಾ ಹೊತ್ತು ಮತ್ತೆ ಹೋದರು. ಅಜ್ಜ ಹಾಸಿಗೆ ಹಿಡಿದಿದ್ದರು. ಪಕ್ಕದಲ್ಲಿ ಕೂತ ಮಗ ಅವರ ಮಣಿಕಟ್ಟು ಹಿಡಿದಿದ್ದ. ಅತ್ತೆ ಅನುಮತಿ ಕೇಳಿದರು. "ತೆಗೀರಿ, ತೆಗೀರಿ" ಎಂದ ಮಗ.

"ಹೇಗಿದೀರಾ ಅಜ್ಜ?"

"ನಮ್ಮನೇಲಿ ಯಾರೂ ಬೀಗ ಹಾಕಿಲ್ಲಮ್ಮ. ನಾನೇನೂ ಹೇಳಿಲ್ಲ."

"ನಾನಿನ್ನೂ ಅದನ್ನ ಕೇಳೇ ಇಲ್ಲ ಅಜ್ಜ."

ಅಜ್ಜ ಮಗನ ಮುಖ ನೋಡಿದರು. ಮಗ ಕ್ಯಾಮೆರಾ ನೋಡಿ ನಕ್ಕ.

ಮನೆಗೆ ಬಂದು ಅತ್ತೆ ಅಪ್ಪನಿಗೆ ಅಷ್ಟನ್ನು ತೋರಿಸಿದರು. "ಹೆಬ್ಬೆರಳು ನೋಡಣ್ಣ." ಮಗನ ಹೆಬ್ಬೆರಳು ಒತ್ತಿದ ಕಡೆ ಅಜ್ಜನ ಚರ್ಮ ಬಿಳಿಚಿತ್ತು.

ಅಪ್ಪ ರೇಗಿಸಲಿಲ್ಲ. "ಕಾಪಿ ಮಾಡ್ಕೊ. ಆ ಮನೆಗೆ ಇನ್ನು ಹೋಗ್ಬೇಡ."

"ಅಜ್ಜ ಇನ್ನೂ ನೋಡಿಲ್ವಲ್ಲ."

ಅತ್ತೆ ಆ ಹೆಬ್ಬೆರಳನ್ನು ಇನ್ನೊಮ್ಮೆ ಹಾಕಿ ನೋಡಿದರು. ಆಮೇಲೆ, ಹತ್ತೊಂಬತ್ತು ವರ್ಷದಲ್ಲಿ ಮೊದಲ ಸಲ, 'ಇರಲಿ' ಎನ್ನಿಸಿಕೊಳ್ಳದೆಯೇ ಎರಡು ಪ್ರತಿ ಮಾಡಿದರು. ಒಂದನ್ನು ಅಪ್ಪನ ಕೈಗಿಟ್ಟು, ಇನ್ನೊಂದನ್ನು ಬ್ಯಾಗಿಗೆ ಹಾಕಿಕೊಂಡು ಅಜ್ಜನ ಮನೆಯ ಕಡೆ ಹೊರಟರು.