ಕುಬಸದ ಸೀರೆ ಕೊಯ್ಯಿಸಿದ್ದು

ಅವರಾಗಿಯೇ ಕೊಯ್ದರು ಎಂದು ಹೇಳುತ್ತಾ ಬಂದಿದ್ದೆ. ಸಾಕ್ಷ್ಯಚಿತ್ರ ಕಲಿಯಲು ಬಂದವರ ಮುಂದೆ ಎಷ್ಟು ಸಲ ಹೇಳಿದ್ದೇನೋ: ಬೆಟಗೇರಿಯ ನೇಕಾರ ಹೆಂಗಸೊಬ್ಬರು ನನ್ನ ಚಿತ್ರಕ್ಕಾಗಿ ಅರ್ಧ ನೇಯ್ದ ಸೀರೆಯನ್ನೇ ಮಗ್ಗದಿಂದ ಕೊಯ್ದುಕೊಟ್ಟರು ಎಂದು. ಮೊನ್ನೆ ಹಳೆಯ ಹಾರ್ಡ್ ಡಿಸ್ಕಿನಲ್ಲಿ ಆ ತುಣುಕು ಸಿಕ್ಕಿತು. ಅದರಲ್ಲಿ ನನ್ನ ದನಿಯೂ ಇದೆ.

ಮೊದಲು ಅವರ ದನಿ. "ಇದು ಮಗಳ ಕುಬಸದ ಸೀರಿ ರೀ. ಬಸುರಿ ಹುಡುಗಿ, ಉಡಿ ತುಂಬೂದು ಐದ ದಿನಕ್ಕ ಐತಿ. ಸೆರಗು ಇನ್ನೂ ಬಾಕಿ. ಪೂರಾ ಆಗದ ನಾವು ಕೊಯ್ಯಂಗಿಲ್ಲ."

ಆಮೇಲೆ ನಾನು. ಗದಗಿನವನೇ, ಕೆಲಸವಾಗಬೇಕಾದಾಗ ಊರ ಮಾತು ನಾಲಗೆಗೆ ಜಲ್ದಿ ಬರುತ್ತದೆ. "ಅಕ್ಕಾರ, ನಾಳೆ ಲಕ್ಷ್ಮೇಶ್ವರಕ್ಕ ಹೋಗಬೇಕ್ರಿ. ಸೀರಿ ಇಳಿಸೂದು ಇಲ್ಲಂದ್ರ ಚಿತ್ರಕ್ಕ ಕೊನೀನ ಇಲ್ಲ."

"ನಿಮಗ ಅವಸರ ಐತಂತ ನನ್ನ ಮಗಳು ಅರ್ಧ ಸೀರಿ ಉಡಬೇಕೇನ್ರಿ?"

ನಗು. ನನ್ನ ನೆನಪಿನಲ್ಲಿ ಆ ನಗು ಅವರದು, ಅವರ ಒಪ್ಪಿಗೆ. ತುಣುಕಿನಲ್ಲಿ ಕೇಳುವ ನಗು ನನ್ನದು.

"ಮಗಳು ಟೀವಿಯೊಳಗ ನೋಡಿ ಹಿಗ್ಗತಾಳ್ರಿ. ಕೊಯ್ರಿ."

ಅವರು ಬ್ಲೇಡು ತಂದರು. ಮುಗಿದ ಸೀರೆಗೆ ಹಚ್ಚುವಂತೆ ಅದಕ್ಕೂ ಕುಂಕುಮ ಹಚ್ಚಿದರು. ಬ್ಲೇಡು ಎಳೆಗಳ ಮೇಲೆ ಹಾಯಿತು.

"ನಗ್ರಿ ಅಕ್ಕಾರ."

"ನಗಾಕತ್ತೀನಲ್ರಿ."

ನಗುತ್ತಿರಲಿಲ್ಲ.

ಪ್ರಸಾರವಾದ ಮರುದಿನ ಅವರ ಫೋನು ಬಂತು. "ಮಗ್ಗ ಬಂತು, ನನ್ನ ಮಾರಿ ಬಂತು. ಸೀರಿ ಕೊಯ್ದಿದ್ದು ಎಲ್ಲೂ ಕಾಣಲಿಲ್ಲಲ್ರಿ? ಮಂದಿನೆಲ್ಲಾ ಕೂಡಿಸಿದ್ದೆ. ನಾ ಚಾ ಮಾಡಾಕ ಎದ್ದಾಗ ಬಂದು ಹೋತೇನು?"

"ಚಾನೆಲ್ಲಿನವರು ತೆಗೆದಾರ್ರಿ."

"ಆತು ಬಿಡ್ರಿ. ಕುಬಸಕ್ಕ ಅಂಗಡಿ ಸೀರಿ ತಂದ್ವಿ. ನೇಕಾರರ ಮನಿಯಾಗ ಅಂಗಡಿ ಸೀರಿ ಅಂತ ಬೀಗರು ನಕ್ಕರು."

ಬೀಗರು ನಕ್ಕರು ಎಂದು ಅವರು ನಿಜಕ್ಕೂ ಅಂದರೋ, ಅವಮಾನ ಸಾಲದೆಂದು ನಾನೇ ಈಚೆಗೆ ಸೇರಿಸಿಕೊಂಡೆನೋ ತಿಳಿಯದು. ಫೋನಿನ ಮಾತನ್ನು ಯಾರೂ ರೆಕಾರ್ಡ್ ಮಾಡಿಲ್ಲ. ನನ್ನ ಉತ್ತರ ಮಾತ್ರ ಚೆನ್ನಾಗಿ ನೆನಪಿದೆ, ಏಕೆಂದರೆ ಅದು ಸುಳ್ಳು. ಚಾನೆಲ್ಲಿನವರು ಏನನ್ನೂ ತೆಗೆದಿರಲಿಲ್ಲ. ಸಂಕಲನದ ಮೇಜಿನ ಮುಂದೆ ಕೂತು ಆ ದೃಶ್ಯ ತೆಗೆಸಿದವನು ನಾನು. ಅವರ ಮುಖದಲ್ಲಿ ನಗುವಿರಲಿಲ್ಲ, ಚಿತ್ರದ ಕೊನೆ ಮಂಕಾಗುತ್ತದೆ ಎಂದಿದ್ದೆ.

ಅವರ ನಂಬರು ಇನ್ನೂ ನನ್ನಲ್ಲಿದೆ. ತುಣುಕು ನೋಡಿದ ಮೇಲೆ ಎರಡು ಸಲ ತೆಗೆದೆ. ಒತ್ತಲಿಲ್ಲ. ಆ ಮಗಳೇ ಫೋನು ಎತ್ತಿದರೆ ಯಾರೆಂದು ಹೇಳಿಕೊಳ್ಳಲಿ?