ಹನ್ನೊಂದು ಮೊಟ್ಟೆಗಳ ತಾಯಮ್ಮ

ತಾಯಮ್ಮ ಕಣ್ಣು ಮುಚ್ಚಿಕೊಂಡೇ ಬಾತುಕೋಳಿಗಳಲ್ಲಿ ಗಂಡು ಯಾವುದು, ಹೆಣ್ಣು ಯಾವುದು ಎಂದು ಹೇಳುತ್ತಿದ್ದಳು. ಅದೇನು ಮಂತ್ರವಿದ್ಯೆಯಲ್ಲ, ಕಿವಿಯ ಕೆಲಸ. ಹೆಣ್ಣು ಬಾತು ಊರಿಗೆಲ್ಲ ಕೇಳುವಂತೆ ಬಾಯಿ ಮಾಡುತ್ತದೆ. ಗಂಡಿನದು ನೆಗಡಿಯಾದವರ ಗಂಟಲಿನಂಥ ಒಡಕು ದನಿ. "ನಮ್ಮನೇಲಿ ಕೂಗೋದೆಲ್ಲ ಎಂಗುಸ್ರೇ ಕಣ್ ಮೇಷ್ಟ್ರೆ. ಗಂಡುಸ್ರು ಗೊರಗೊರ ಅನ್ಕಂಡು ಇಂದೆ ಬತ್ತವೆ," ಎಂದು ಅವಳು ಹೇಳುವಾಗ ಅವಳ ದನಿಯೂ ನಾಲ್ಕು ಮನೆಯಾಚೆಗೆ ಕೇಳುತ್ತಿತ್ತು.

ಮೂವತ್ತರ ದಶಕದಲ್ಲಿ ಬೆಳಕವಾಡಿಯ ಶಾಲೆಗೆ ಮೇಷ್ಟ್ರಾಗಿ ಹೋದಾಗ ನನಗೆ ಇಪ್ಪತ್ತೆರಡು ವರ್ಷ. ಮಳವಳ್ಳಿ ಪೇಟೆಯಲ್ಲಿ, ಮೊಟ್ಟೆಯ ಹೆಸರನ್ನೂ ಎತ್ತದ ಮನೆಯಲ್ಲಿ ಬೆಳೆದವನು ನಾನು. ಬಾಡಿಗೆಗೆ ಸಿಕ್ಕ ಮನೆಯ ಹಿತ್ತಲಿಗೂ ತಾಯಮ್ಮನ ಹಿತ್ತಲಿಗೂ ನಡುವೆ ಒಂದು ಕಳ್ಳಿ ಬೇಲಿ ಮಾತ್ರ. ಅವಳಿಗೆ ಆಗ ನಲವತ್ತೈದರ ಆಸುಪಾಸು. ಗಂಡ ತೀರಿಕೊಂಡು ಬಹಳ ವರ್ಷವಾಗಿತ್ತು, ಮಕ್ಕಳಿರಲಿಲ್ಲ. ಎರಡು ತುಂಡು ಗದ್ದೆ, ಒಂದು ಮಣ್ಣಿನ ಮನೆ, ಮೂವತ್ತು ಬಾತುಕೋಳಿ, ಇಷ್ಟು ಅವಳ ಸಂಸಾರ.

ದಿನವೂ ನನಗೆ ಎಚ್ಚರವಾಗುತ್ತಿದ್ದುದು ಅವಳ ಬೈಗುಳದಿಂದ. ಸೂರ್ಯ ಹುಟ್ಟುವ ಹೊತ್ತಿಗೆ ಬಾತುಗಳು ಗೂಡಿನ ಬಾಗಿಲಿಗೆ ಮುತ್ತಿಕೊಂಡು ಕೆರೆಗೆ ಬಿಡು ಎಂದು ಗಲಾಟೆ ಮಾಡುತ್ತಿದ್ದವು. ತಾಯಮ್ಮ ಬಾಗಿಲಿಗೆ ಅಡ್ಡ ಕುಳಿತು, "ಇಕ್ಬುಟ್ಟು ನಡೀರೆ. ಇಕ್ದೆ ಓದ್ರೆ ಇವತ್ತು ನೀರು ಕಾಣ್ಸಾಕಿಲ್ಲ," ಎಂದು ಗದರುತ್ತಿದ್ದಳು. ಬಿಸಿಲು ಬೇಲಿಯ ಎತ್ತರಕ್ಕೆ ಏರುವವರೆಗೆ ಹೀಗೆ ಕಾದು, ಆಮೇಲೆ ಬಾಗಿಲು ತೆಗೆಯುವಳು. ಪಾಪ, ಮೂಕಪ್ರಾಣಿಗಳಿಗೆ ಯಾಕಿಷ್ಟು ಹಿಂಸೆ ಎಂದು ನನಗೆ ಅನ್ನಿಸುತ್ತಿತ್ತು.

ಒಂದು ಬೆಳಿಗ್ಗೆ ಅವಳು ಗದ್ದೆಗೆ ನೀರು ತಿರುಗಿಸಲು ಬೇಗ ಹೋಗಿದ್ದಳು. ಬಾತುಗಳ ಗೋಳು ಕೇಳಲಾರದೆ ನಾನೇ ಬೇಲಿ ದಾಟಿ ಬಾಗಿಲು ತೆಗೆದುಬಿಟ್ಟೆ. ಮೂವತ್ತೂ ನನ್ನ ಕಾಲ ಸಂದಿಯಲ್ಲೇ ನುಗ್ಗಿ ಕೆರೆ ಸೇರಿದವು. ಪುಣ್ಯದ ಕೆಲಸ ಮಾಡಿದ ಖುಷಿಯಲ್ಲಿ ನಾನು ಹಲ್ಲುಜ್ಜುತ್ತ ನಿಂತಿದ್ದಾಗ ಅವಳು ಬಂದಳು. ಖಾಲಿ ಗೂಡನ್ನೂ ನನ್ನ ಮುಖವನ್ನೂ ನೋಡಿದಳು.

"ಬಾಗ್ಲು ತೆಗೆದ್ಬುಟ್ರಾ ಮೇಷ್ಟ್ರೆ?"

"ತುಂಬ ಕೂಗುತ್ತಿದ್ದವು ತಾಯಮ್ಮ."

"ಕೂಗ್ತವೆ. ಅವು ಮೊಟ್ಟೆ ಇಕ್ಕೋದು ಈ ಒತ್ನಲ್ಲೇ ಕಣ್ ಮೇಷ್ಟ್ರೆ. ಒಳ್ಗಿದ್ರೆ ಒಳ್ಗೆ, ನೀರಲ್ಲಿದ್ರೆ ನೀರಲ್ಲಿ. ಎಲ್ಲಿ ಬಿತ್ತು ಅಂತ ತಿರುಗೂ ನೋಡಾಕಿಲ್ಲ. ಬನ್ನಿ, ಪಂಚೆ ಎತ್ತಿ ಕಟ್ಟಿ."

ಶಾಲೆಯ ಗಂಟೆ ಹೊಡೆಯುವವರೆಗೂ ನಾನು ಮೊಣಕಾಲುದ್ದ ನೀರಿನಲ್ಲಿ ಕೆಸರು ತಡಕಿದೆ. ಏರಿಯ ಹುಲ್ಲಿನಲ್ಲಿ ಒಂದು ಸಿಕ್ಕಿತು. ತೆಳು ಹಸಿರು ಬಣ್ಣ, ಇನ್ನೂ ಬೆಚ್ಚಗಿತ್ತು. ನಾನು ಜೀವಮಾನದಲ್ಲಿ ಮುಟ್ಟಿದ ಮೊದಲ ಮೊಟ್ಟೆ ಅದು. ಒಟ್ಟು ಒಂಬತ್ತು ಸಿಕ್ಕವು; ಉಳಿದವು ಕೆರೆಯ ಪಾಲು. ತಾಯಮ್ಮ ಮತ್ತೆ ಆ ಮಾತೆತ್ತಲಿಲ್ಲ. ಆದರೆ ಅಂದಿನಿಂದ ನನಗೆ ಪಾಠ ಹೇಳುವುದನ್ನು ತನ್ನ ಕರ್ತವ್ಯವೆಂದುಕೊಂಡಳು.

ಬಾಲದ ಮೇಲೆ ಗರಿ ಸುರುಳಿ ಸುತ್ತಿಕೊಂಡಿದ್ದರೆ ಅದು ಗಂಡು. ಐದಾರು ಹೆಣ್ಣಿಗೆ ಒಂದು ಗಂಡು ಸಾಕು. "ಗಂಡು ಎಚ್ಚಾದ್ರೆ ಜಗಳ, ಕಮ್ಮಿಯಾದ್ರೆ ಬರೀ ಬರಡು ಮೊಟ್ಟೆ," ಎನ್ನುವಳು. ಅವು ಕೂಡುವುದು ನೀರಿನಲ್ಲೇ, ಅದಕ್ಕೇ ಕೆರೆ ಬೇಕು ಎಂಬುದನ್ನು ಅವಳು ಮಳೆಬೆಳೆಯ ಮಾತಿನಷ್ಟೇ ಸಲೀಸಾಗಿ ಹೇಳುವಾಗ, ಮದುವೆಯಾಗದ ನಾನು ಶಿವನಸಮುದ್ರದಿಂದ ಬರುವ ಕರೆಂಟಿನ ತಂತಿಗಳನ್ನು ನೋಡುತ್ತ ನಿಲ್ಲುತ್ತಿದ್ದೆ. ಅವಳ ಬಾತುಗಳಿಗೆ ಮೊಟ್ಟೆ ಇಡುವುದು ಗೊತ್ತು, ಕಾವಿಗೆ ಕೂರುವುದು ಗೊತ್ತಿಲ್ಲ. ಹಾಗಾಗಿ ಕಾವಿಗೆ ಬಂದ ಊರಕೋಳಿಯ ಕೆಳಗೆ ಬಾತಿನ ಮೊಟ್ಟೆ ಇಡುತ್ತಿದ್ದಳು. ಕೋಳಿಯ ಮರಿ ಇಪ್ಪತ್ತೊಂದು ದಿನಕ್ಕೆ ಹೊರಬಂದರೆ ಬಾತಿನದು ಇಪ್ಪತ್ತೆಂಟು. "ಏಳು ದಿನ ಎಚ್ಚಿಗೆ ಕೂತದೆ ಪಾಪ, ಲೆಕ್ಕ ಗೊತ್ತಿಲ್ಲ ಅದ್ಕೆ," ಎಂದು ಆ ಕೋಳಿಗೆ ಕೈಯಾರೆ ಅಕ್ಕಿನುಚ್ಚು ತಿನ್ನಿಸುವಳು.

ಒಂದು ಮಧ್ಯಾಹ್ನ ನನ್ನನ್ನು ಕತ್ತಲೆ ಕೋಣೆಗೆ ಕರೆದಳು. ಹೆಂಚಿನ ಸಂದಿಯಿಂದ ಬೀಳುವ ಬಿಸಿಲಿನ ಕೋಲಿಗೆ ಒಂದು ಮೊಟ್ಟೆಯನ್ನು ಅಡ್ಡ ಹಿಡಿದಳು. ಒಳಗೆಲ್ಲ ಕೆಂಪು ಬೆಳಕು. ಅದರಲ್ಲಿ ಜೇಡನ ಕಾಲಿನಂತೆ ಸಣ್ಣ ನರಗಳು. ನಡುವೆ ಒಂದು ಕಪ್ಪು ಚುಕ್ಕೆ, ಮಿಡಿಯುತ್ತಿತ್ತು. "ಎಂಟು ದಿನದ್ದು," ಎಂದಳು, ಪಿಸುದನಿಯಲ್ಲಿ. ಅವಳು ಪಿಸುಗುಟ್ಟಿದ್ದನ್ನು ನಾನು ಕೇಳಿದ್ದು ಆಗ ಮಾತ್ರ.

ಎರಡನೆಯ ವರ್ಷದ ಚಳಿಗಾಲ ಮುಗಿಯುವ ಹೊತ್ತಿಗೆ ಊರಿನ ಕೋಳಿಗಳಿಗೆ ಜಾಡ್ಯ ಬಂತು. ನಾಲ್ಕೈದು ದಿನದಲ್ಲಿ ಬೇರೆ ಯಾರ ಮನೆಯಲ್ಲೂ ಕೋಳಿ ಉಳಿಯಲಿಲ್ಲ. ತಾಯಮ್ಮನ ಬಾತುಗಳೂ ಒಂದೊಂದಾಗಿ ಕತ್ತು ವಾಲಿಸಿ ಸತ್ತವು. ಹಿತ್ತಲಿನ ಮೂಲೆಯಲ್ಲಿ ಗುಂಡಿ ತೋಡಿ ಮೂವತ್ತನ್ನೂ ಅವಳೇ ಮಣ್ಣು ಮಾಡಿದಳು. ಒಳಕೋಣೆಯ ಕುಕ್ಕೆಯಲ್ಲಿ ಹನ್ನೊಂದು ಬಾತಿನ ಮೊಟ್ಟೆಗಳ ಮೇಲೆ ಕುಳಿತಿದ್ದ ಕೋಳಿಯೊಂದೇ ಉಳಿದಿತ್ತು. ಇಪ್ಪತ್ತನಾಲ್ಕನೆಯ ದಿನ ಅದೂ ಕುಳಿತಲ್ಲೇ ಹೋಯಿತು.

ನಾನು ಶಾಲೆಯಿಂದ ಬಂದಾಗ ಅವಳ ಮನೆ ನಿಶ್ಶಬ್ದವಾಗಿತ್ತು. ಬೇಲಿಯಿಂದ ಕೂಗಿದೆ. ಒಳಗಿನಿಂದ ಉತ್ತರ ಬಂತು: "ಏಳಾಕಾಗಕಿಲ್ಲ ಮೇಷ್ಟ್ರೆ. ಸೂಲಗಿತ್ತಿ ನಿಂಗಮ್ಮನ್ನ ಒಸಿ ಕರೀರಿ."

ಓಡಿಹೋಗಿ ನಿಂಗಮ್ಮನನ್ನು ಕರೆತಂದೆ. ಒಳಗೆ ಹೋದರೆ ತಾಯಮ್ಮ ಚಾಪೆಯ ಮೇಲೆ ಮಗ್ಗುಲಾಗಿ ಮಲಗಿ, ಕುತ್ತಿಗೆಯವರೆಗೆ ಕಂಬಳಿ ಹೊದ್ದಿದ್ದಳು. ಹನ್ನೊಂದು ಮೊಟ್ಟೆಗಳನ್ನೂ ಹಳೆಯ ಸೀರೆಯಲ್ಲಿ ಸುತ್ತಿ ಹೊಟ್ಟೆಗೆ ಅವುಚಿಕೊಂಡಿದ್ದಳು.

"ಇನ್ನಾಕು ದಿನ ಕಣಕ್ಕ. ಒಳ್ಗೆ ಜೀವ ಅದೆ. ಕಾವು ಆರಬಾರ್ದು," ಎಂದಳು.

ನಿಂಗಮ್ಮ ಊರಿನ ಅರ್ಧ ಜನರಿಗೆ ಹೆರಿಗೆ ಮಾಡಿಸಿದವಳು. ಸೊಂಟದ ಮೇಲೆ ಕೈಯಿಟ್ಟು ಒಂದು ಗಳಿಗೆ ನೋಡಿದಳು. ನಾನು ನಗುತ್ತಾಳೆಂದುಕೊಂಡೆ. ಅವಳು ಸೆರಗು ಸಿಕ್ಕಿಸಿಕೊಂಡು, "ಎಷ್ಟೊತ್ನಿಂದ ನೀರು ಕುಡ್ದಿಲ್ಲ? ಏಳು, ಇತ್ಲು ಕಡೆ ಓಗ್ಬುಟ್ಟು ಬಾ. ಅಲ್ಲೀಗಂಟ ನಾನ್ ಮನೀಕತೀನಿ," ಎಂದು ಅದೇ ಕಂಬಳಿಯೊಳಗೆ ನುಗ್ಗಿದಳು.

ಮಾರನೆಯ ದಿನ ತಾಯಮ್ಮನ ಬಾಗಿಲಿಗೆ ಬೇವಿನಸೊಪ್ಪು ಸಿಕ್ಕಿಸಿತ್ತು. ನಿಂಗಮ್ಮ ಸಿಕ್ಕಿಸಿದ್ದು, ಬಾಣಂತಿಯ ಮನೆಗೆ ಮಾಡುವಂತೆ. ತಮಾಷೆಗೆ ಶುರುವಾದದ್ದು ಸಂಜೆಯ ಹೊತ್ತಿಗೆ ತಮಾಷೆಯಾಗಿ ಉಳಿಯಲಿಲ್ಲ. ಒಬ್ಬಳು ಮೆಣಸಿನ ಸಾರು ತಂದಳು, ಒಬ್ಬಳು ಬೆಳ್ಳುಳ್ಳಿ ಹುರಿದು ತಂದಳು. ಇನ್ನೊಬ್ಬಳು ಸಾಂಬ್ರಾಣಿ ಹೊಗೆ ಹಾಕಲು ಬಂದರೆ ತಾಯಮ್ಮ, "ಒಗೆ ಬ್ಯಾಡ ಕಣವ್ವ, ಒಳ್ಗಿರೋವ್ಕೆ ಆಗಕಿಲ್ಲ," ಎಂದು ತಡೆದಳು. ಮಗುವಿಗೆ ಹೆಸರಿಡುವ ದಿನ, ತೊಟ್ಟಿಲಿಗೆ ಹಾಕುವ ದಿನ ಅವಳನ್ನು ಕರೆಯದೆ ಬಿಟ್ಟ ಮನೆಗಳ ಹೆಂಗಸರೂ ಅವರಲ್ಲಿದ್ದರು. ಸಾರು ಕುಡಿಯುತ್ತ ಕುಡಿಯುತ್ತ ತಾಯಮ್ಮ ಬಟ್ಟಲನ್ನು ಕೆಳಗಿಟ್ಟುಬಿಟ್ಟಳು. "ಯಾಕೆ, ಖಾರವಾಯ್ತಾ?" ಎಂದು ನಿಂಗಮ್ಮ ಕೇಳಿದಳು. "ಊಂ, ಒಸಿ ಖಾರ," ಎಂದು ಕಂಬಳಿಯಲ್ಲೇ ಕಣ್ಣೊರೆಸಿಕೊಂಡಳು.

ನನಗೆ ವಹಿಸಿದ ಕೆಲಸ ಉಗುರುಬೆಚ್ಚಗಿನ ನೀರಿನಲ್ಲಿ ಬಟ್ಟೆ ಅದ್ದಿ ಕೊಡುವುದು. ಒಣಗಿದರೆ ಚಿಪ್ಪಿನೊಳಗಿನ ಪೊರೆ ಮರಿಗೆ ಅಂಟಿಕೊಳ್ಳುತ್ತದಂತೆ. ಇಪ್ಪತ್ತೇಳನೆಯ ದಿನ ಅವಳು ಒಂದು ಮೊಟ್ಟೆಯನ್ನು ನನ್ನ ಕೈಗೆ ಕೊಟ್ಟು, "ಕಿವಿಗಿಟ್ಕಳಿ," ಎಂದಳು. ಒಳಗೆ ಟಕ್ ಟಕ್ ಸದ್ದು. ಅದರ ಹಿಂದೆಯೇ ಬಲು ಸಣ್ಣ ದನಿಯಲ್ಲಿ ಒಂದು ಚೀಂ. ಶಾಲೆಗೆ ಹೋದ ಮೇಲೂ ನನಗೆ ಅಂದು ಮಗ್ಗಿ ಹೇಳಿಕೊಡಲಾಗಲಿಲ್ಲ. ಮೊಟ್ಟೆಯ ಕತೆಯನ್ನೇ ಹೇಳಿದೆ.

ಮರುದಿನ ಮಧ್ಯಾಹ್ನದೊಳಗೆ ಎಂಟು ಮರಿಗಳು ಹೊರಬಂದವು. ಮೂರು ಮೊಟ್ಟೆ ಒಡೆಯಲೇ ಇಲ್ಲ. ಒದ್ದೆ ಮುದ್ದೆಗಳಾಗಿ ಬಂದ ಮರಿಗಳು ಗಳಿಗೆಯಲ್ಲಿ ಒಣಗಿ ಹಳದಿ ಹತ್ತಿಯುಂಡೆಗಳಾದವು. ಕಣ್ಣು ಬಿಟ್ಟಾಗ ಅವು ಮೊದಲು ನೋಡಿದ್ದು ತಾಯಮ್ಮನ ಮುಖವನ್ನು. ಅಲ್ಲಿಗೆ ಅವುಗಳ ಪಾಲಿಗೆ ತಾಯಿ ಯಾರೆಂಬುದು ತೀರ್ಮಾನವಾಗಿಹೋಯಿತು. ಅವಳು ಬಾವಿಗೆ ಹೋದರೆ ಬಾವಿಗೆ, ಅಂಗಡಿಗೆ ಹೋದರೆ ಅಂಗಡಿಗೆ ಎಂಟೂ ಸಾಲಾಗಿ ಹಿಂದೆ. ಒಮ್ಮೆ ಏನೋ ಕೇಳಲು ಶಾಲೆಯ ಜಗಲಿಗೆ ಬಂದಳು. ಮರಿಗಳು ಒಳಗೆ ನಡೆದು ಬಂದು ಒಂದನೇ ತರಗತಿಯವರ ಪಕ್ಕ ಕುಳಿತವು. ಆ ದಿನ ಪಾಠ ಅಲ್ಲಿಗೇ ನಿಂತಿತು.

ಆದರೆ ಮರಿಗಳು ಕೆರೆಗಿಳಿಯಲಿಲ್ಲ. ಅವಳು ದಡದಲ್ಲಿ ನಿಂತರೆ ಅವೂ ದಡದಲ್ಲೇ ನಿಲ್ಲುತ್ತಿದ್ದವು. ನೀರಿಗೆ ಬಿಟ್ಟರೆ ತಿರುಗಿ ಅವಳ ಕಾಲಿಗೇ ಬರುತ್ತಿದ್ದವು. ಕೊನೆಗೆ ಒಂದು ಬಿಸಿಲ ಹೊತ್ತಿನಲ್ಲಿ ತಾಯಮ್ಮ ಸೀರೆ ಬಿಗಿದುಕೊಂಡು ತಾನೇ ಕೆರೆಗಿಳಿದಳು. ಎದೆಮಟ್ಟದ ನೀರಿಗೆ ಹೋಗಿ ನಿಂತು, "ಬನ್ರೋ, ಬನ್ರೋ," ಎಂದು ಕರೆದಳು. ಎಂಟೂ ಒಂದು ಗಳಿಗೆ ಅನುಮಾನಿಸಿ, ಆಮೇಲೆ ಒಂದರ ಹಿಂದೆ ಒಂದು ಬಿದ್ದು ಅವಳ ಸುತ್ತ ತೇಲತೊಡಗಿದವು. ಏರಿಯ ಮೇಲೆ ಊರಿಗೆ ಊರೇ ನೆರೆದಿತ್ತು. ನಿಂಗಮ್ಮ ನಕ್ಕು ನಕ್ಕು ಕುಳಿತೇಬಿಟ್ಟಳು. ತಾಯಮ್ಮನಿಗೆ ಈಜು ಬರುವುದಿಲ್ಲವೆಂದು ನನಗೆ ಗೊತ್ತಾದದ್ದು ಆಮೇಲೆ. ಮುಂದಿನ ಬೇಸಿಗೆಯ ಹೊತ್ತಿಗೆ ಅವಳ ಹಿಂಡು ಮತ್ತೆ ಇಪ್ಪತ್ತು ದಾಟಿತ್ತು.

ಆಮೇಲೆ ನನಗೆ ಮದ್ದೂರಿಗೆ ವರ್ಗವಾಯಿತು, ಮದುವೆಯಾಯಿತು. ಮೊದಲ ಮಗಳು ಹುಟ್ಟಿದ ಸುದ್ದಿ ಹೇಗೆ ಮುಟ್ಟಿತೋ, ಒಂದು ದಿನ ತಾಯಮ್ಮ ಬಸ್ಸಿಳಿದು ವಿಚಾರಿಸಿಕೊಂಡು ನಮ್ಮ ಮನೆ ಬಾಗಿಲಿಗೆ ಬಂದಳು. ಒಳಗೆ ಬರದೆ ಜಗಲಿಯ ತುದಿಯಲ್ಲೇ ಕುಳಿತಳು. ನಮ್ಮ ತಾಯಿ ಮಡಿಯವರು. ಉಪಚಾರದ ಮಾತಾಡಿ, "ನಿಮಗೆ ಮಕ್ಕಳೆಷ್ಟಮ್ಮ?" ಎಂದು ಕೇಳಿದರು. ನಾನು ಬೇರೆ ಮಾತು ತೆಗೆಯುವಷ್ಟರಲ್ಲಿ ತಾಯಮ್ಮ, "ಎಂಟು ಕಣ್ರವ್ವ," ಎಂದಳು. ನಮ್ಮ ತಾಯಿ ಒಳಗೆ ಹೋಗಿ ಮಗುವನ್ನು ತಂದು, "ಹಾಗಿದ್ದರೆ ನಿಮ್ಮ ಕೈ ಪಳಗಿರುತ್ತೆ, ಹಿಡಿದುಕೊಳ್ಳಿ," ಎಂದು ಅವಳ ಮಡಿಲಿಗೆ ಹಾಕಿದರು. ತಾಯಮ್ಮ ಅಲುಗಾಡದೆ, ಉಸಿರೂ ಜೋರಾಗಿ ಬಿಡದೆ, ಮಗು ಏಳುವವರೆಗೂ ಹಾಗೇ ಕುಳಿತಿದ್ದಳು.

ಸಂಜೆ ಬಸ್ಸಿನವರೆಗೆ ಕಳಿಸಲು ಹೋದೆ. ಅದೇ ಕೊನೆಯ ಭೇಟಿ. ಎರಡು ವರ್ಷದ ಮೇಲೆ ಅವಳು ತೀರಿಕೊಂಡ ಸುದ್ದಿ ನನಗೆ ತಿಳಿಯುವಷ್ಟರಲ್ಲಿ ತಿಂಗಳಾಗಿಹೋಗಿತ್ತು. ಅಂದು ಬಸ್ಸು ಹೊರಟಾಗ ಅವಳು ಕಿಟಕಿಯಿಂದ ಬಾಗಿ, ನನ್ನ ತಲೆಯ ಮೇಲೆ ಕೈಯಿಟ್ಟು, "ಚೆಂದಾಗಿರಪ್ಪ," ಎಂದಳು. ಅಷ್ಟು ವರ್ಷಗಳಲ್ಲಿ ಅವಳು ನನ್ನನ್ನು ಮುಟ್ಟಿದ್ದೂ, ಮೇಷ್ಟ್ರೆ ಎನ್ನದೆ ಏಕವಚನದಲ್ಲಿ ಮಾತಾಡಿಸಿದ್ದೂ ಅದೊಂದೇ ಸಲ.