ಮೈಕಪ್ಪನ ಸಣ್ಣ ದನಿ

ರಾಣೆಬೆನ್ನೂರಿನಲ್ಲಿ ದುರಗಪ್ಪನ ಮುಖ ಗೊತ್ತಿಲ್ಲದವರು ಸಿಕ್ಕಾರು, ದನಿ ಗೊತ್ತಿಲ್ಲದವರು ಸಿಗುವುದು ಕಷ್ಟ. ಆಟೊದ ನೆತ್ತಿಗೆ ಮೈಕಿನ ಎರಡು ಹಾರ್ನು ಕಟ್ಟಿಕೊಂಡು, ಹಿಂದಿನ ಸೀಟಿನಲ್ಲಿ ಬ್ಯಾಟರಿ ಇಟ್ಟುಕೊಂಡು ಓಣಿ ಓಣಿ ತಿರುಗಿ ಕೂಗಿ ಹೇಳುವುದು ಅವನ ಕಸುಬು. ಊರಿಗೆ ಸರ್ಕಸ್ಸು ಬಂದರೆ ಅವನೇ ಹೇಳಬೇಕು, ನಾಟಕ ಕಂಪನಿ ಬಂದರೆ ಅವನೇ, ನಾಳೆ ನಲ್ಲಿಗೆ ನೀರು ಬರುವುದಿಲ್ಲ ಎಂಬುದನ್ನೂ ಅವನೇ.

ಹೊರಗೆ ಇಷ್ಟು ಮಾತಾಡುವ ಗಂಡಸು ಹೊಸ್ತಿಲು ದಾಟಿ ಒಳಗೆ ಬಂದನೆಂದರೆ ಬಾಯಿಗೆ ಬೀಗ. ಚಾ ಬೇಕಾದರೆ ಲೋಟ ತೋರಿಸುತ್ತಿದ್ದ. ಹೆಂಡತಿ ನೀಲವ್ವ ಮೊದಮೊದಲು ಜಗಳ ತೆಗೆದಳು, ಆಮೇಲೆ ಬಿಟ್ಟಳು. ಸುಗ್ಗಿಯಲ್ಲಿ ಅವಳು ಮುಂಜಾನೆ ಬಸ್ಸಿಗೆ ಬ್ಯಾಡಗಿಗೆ ಹೋಗಿ ಮೆಣಸಿನಕಾಯಿ ತೊಟ್ಟು ಬಿಡಿಸುವ ಕೆಲಸ ಮಾಡುತ್ತಿದ್ದಳು. ಮಾತೇನಿದ್ದರೂ ಅಲ್ಲಿ, ಪಕ್ಕದಲ್ಲಿ ಕೂರುವ ರಹಿಮತಬಿಯ ಜೊತೆ ಆಡಿ ಮುಗಿಸಿಕೊಂಡು ಬರುತ್ತಿದ್ದಳು.

ಈಚೆಗೆ ಅಂಗಡಿಯವರೆಲ್ಲ ಒಮ್ಮೆ ದನಿ ತುಂಬಿಸಿದ ಪೆನ್‌ಡ್ರೈವ್ ಹಾಕಿ ಬರೀ ಆಟೊ ಓಡಿಸತೊಡಗಿದ್ದರು. ದುರಗಪ್ಪನ ಕೆಲಸ ಕಡಿಮೆಯಾಗುತ್ತ ಬಂದಿತ್ತು. ಆ ಹೊತ್ತಿಗೆ ಒಂದು ಎಮ್ಮೆ ಕಳೆಯಿತು. ಐರಣಿಯ ರೈತನೊಬ್ಬ ಸಂತೆಗೆ ಹೊಡೆದುಕೊಂಡು ಬಂದಿದ್ದ ಎಮ್ಮೆ ಅದು. ದುರಗಪ್ಪ ಅದರ ಗುರುತನ್ನು ಊರಿಗೆಲ್ಲ ಸಾರಿದ. "ಬಲಗೊಂಬು ಕೆಳಗ ಬಾಗೈತಿ, ಎಡಗೊಂಬು ನಿಮ್ಮನ್ನ ನೋಡತೈತಿ, ಗುಣದಾಗ ಬಂಗಾರ, ಗೌರೀ ಅಂತ ಕರದ್ರ ತಿರುಗಿ ನೋಡತೈತಿ, ಯಾರೂ ಬೈಬ್ಯಾಡ್ರಿ, ಅದಕ್ಕ ಮನಸ್ಸಿಗೆ ಹತ್ತತೈತಿ" ಎಂದು ಅವನು ಕೂಗುವುದನ್ನು ಹಲಗೇರಿಯಿಂದ ತವರಿಗೆ ಬಂದಿದ್ದ ಮಗಳು ದೀಪಿಕಾ ಮೊಬೈಲಿನಲ್ಲಿ ಹಿಡಿದು ಊರಿಗೆಲ್ಲ ಕಳಿಸಿದಳು. ಎಮ್ಮೆಯೂ ಸಿಕ್ಕಿತು, ದುರಗಪ್ಪನನ್ನು ಹುಡುಕಿಕೊಂಡು ಹಾವೇರಿಯಿಂದ ಚನ್ನೇಶನೂ ಬಂದ.

ಚನ್ನೇಶ ಕಾರ್ಟೂನ್ ಮಾಡುವವನು. ಹಾವೇರಿಯಲ್ಲಿ ಒಂದು ಫೋಟೊ ಅಂಗಡಿಯ ಮಾಳಿಗೆಯ ಮೇಲೆ ನಾಲ್ಕಾರು ಗೆಳೆಯರನ್ನು ಕಟ್ಟಿಕೊಂಡು, ಮಕ್ಕಳ ಚಾನೆಲ್ಲೊಂದಕ್ಕೆ 'ಕುಂಬಾರ ಓಣಿ ಹುಡುಗರು' ಎಂಬ ನಗೆ ಧಾರಾವಾಹಿ ಮಾಡಿಕೊಡುತ್ತಿದ್ದ. ಅದರಲ್ಲಿ ಆಗಾಗ ಓಣಿ ಹಾಯ್ದು ಹೋಗುವ ಮೈಕಪ್ಪ ಎಂಬೊಬ್ಬನನ್ನು ಸೇರಿಸಿ, ಅವನಿಗೆ ದುರಗಪ್ಪನ ದನಿ ಕೊಡಿಸಿದ. ಮೈಕಪ್ಪ ಬಂದು ಒಂದು ಮಾತು ಕೂಗಿ ಹೋಗುವುದಷ್ಟೇ. ಮಕ್ಕಳು ಅದಕ್ಕೇ ಕಾದು ಕೂರತೊಡಗಿದರು. ಕೊನೆಗೆ ಚಾನೆಲ್ಲಿನವರೇ, ಮೈಕಪ್ಪನದೂ ಅವನ ಮನೆಯವರದೂ ಬೇರೆಯೇ ಒಂದು ಧಾರಾವಾಹಿ ಮಾಡಿರಿ ಎಂದರು. ಹೆಸರು 'ಮೈಕಪ್ಪನ ಮನಿ.'

ಸುದ್ದಿ ಕೇಳಿ ದುರಗಪ್ಪನಿಗೆ ಹಿಗ್ಗು. ಹಾವೇರಿಗೆ ಹೋಗಿ ದನಿ ಪರೀಕ್ಷೆಗೆ ನಿಂತ ಮೇಲೆ ಹಿಗ್ಗು ಇಳಿಯಿತು. ಓಣಿಯಲ್ಲಾದರೆ ಮೈಕಪ್ಪ ಕೂಗಿದರೆ ಸಾಕು, ಮನೆಯೊಳಗೆ ಅವನು ಹೆಂಡತಿಯ ಹತ್ತಿರ ಮಾತಾಡಬೇಕು. ದುರಗಪ್ಪ "ಚಾ ಆತೇನು?" ಎಂದರೂ ಸರ್ಕಸ್ಸಿನ ಕೊನೆಯ ಆಟ ಸಾರಿದ ಹಾಗೆ ಕೇಳುತ್ತಿತ್ತು.

"ಕಾಕಾ, ಮನ್ಯಾಗ ಕಾಕಿ ಕೂಡ ಹೆಂಗ ಮಾತಾಡ್ತೀರಿ, ಹಂಗ ಹೇಳ್ರಿ ಸಾಕು" ಎಂದ ಚನ್ನೇಶ.

ಅದು ತನಗೇ ಗೊತ್ತಿಲ್ಲವೆಂದು ದುರಗಪ್ಪ ಹೇಗೆ ಹೇಳಿಯಾನು. ಚನ್ನೇಶ ಬೇಜಾರು ಮಾಡಿಕೊಳ್ಳಲಿಲ್ಲ. ಮಾತು ಬರೆದ ಹಾಳೆ ಕೈಗೆ ಕೊಟ್ಟು, "ಮನಿಗೆ ಒಯ್ಯಿರಿ, ಕಾಕಿ ಜೋಡಿ ಓದಿ ರೂಢಿ ಮಾಡ್ಕೋರಿ. ಮುಂದಿನ ವಾರ ನೋಡೂಣು. ಆಗಲಿಲ್ಲಂದ್ರ ಚಾನೆಲ್‌ನವರು ಬ್ಯಾರೇದವರನ್ನ ಕರಸ್ತಾರ, ನನ್ನ ಕೈಯಾಗ ಇಲ್ಲ" ಎಂದ.

ಮರುದಿನ ಸಂಜೆ ನೀಲವ್ವ ಬ್ಯಾಡಗಿಯಿಂದ ಬಂದು, ಕೈಯ ಖಾರ ಹೋಗಲೆಂದು ಬೆರಳಿಗೆ ಎಣ್ಣೆ ಸವರಿಕೊಂಡು ಪಡಸಾಲೆಯ ಕಂಬಕ್ಕೆ ಒರಗಿ ಕೂತಿದ್ದಳು. ದುರಗಪ್ಪ ಹಾಳೆ ಹಿಡಿದು ಎದುರಿಗೆ ಬಂದು ಕೂತ. ಅವಳು ಏಳನೆಯ ಇಯತ್ತೆವರೆಗೆ ಓದಿದವಳು. ಮೈಕಪ್ಪನ ಹೆಂಡತಿಯ ಮಾತು ಅವಳು ಓದಬೇಕು, ಮೈಕಪ್ಪನದು ಇವನು. ಆರಂಭದಲ್ಲಿ ಅವಳು ನಕ್ಕಳು. ಇವನ ದನಿಗೆ ಪಕ್ಕದ ಮನೆಯ ಕುಲ್ಸುಮಬಿ ಗೋಡೆಯ ಮೇಲಿಂದ ಇಣುಕಿ ನೋಡಿ, ಜಗಳವಲ್ಲ ಎಂದು ಖಾತ್ರಿ ಮಾಡಿಕೊಂಡು ಒಳಗೆ ಹೋದಳು.

"ಅಷ್ಟು ಜೋರ್ ಯಾಕ್ರಿ? ನಾ ಇಲ್ಲೇ ಕುಂತೇನಿ" ಎಂದಳು ನೀಲವ್ವ.

ದುರಗಪ್ಪ ಹಾಳೆಯನ್ನು ತೊಡೆಯ ಮೇಲಿಟ್ಟ. ಮುಂದಿನ ಮಾತು ಚಿಕ್ಕದು, ಬಾಯಿಪಾಠ ಆಗಿತ್ತು. ಅವಳ ಮುಖ ನೋಡುತ್ತ, ಉಸಿರು ಹಿಡಿದು ದನಿ ಸಣ್ಣ ಮಾಡಿದ.

"ಯಾಕ ಸುಮ್ನ ಕುಂತಿ? ಏನಾಗೇತಿ, ಹೇಳು ನನ್ನ ಮುಂದ."

ಇದಕ್ಕೆ ಮೈಕಪ್ಪನ ಹೆಂಡತಿ, "ಮೊದಲ ಆ ಮೈಕ್ ಬಂದ್ ಮಾಡ್ರಿ, ಆಮ್ಯಾಲ ಹೇಳ್ತೇನಿ" ಎನ್ನಬೇಕು. ನೋಡುವವರು ನಗಬೇಕು. ನೀಲವ್ವ ಹಾಳೆ ನೋಡಲಿಲ್ಲ. ಎಣ್ಣೆಯ ಕೈಯನ್ನು ಸೀರೆಗೆ ಒರೆಸಿಕೊಳ್ಳುತ್ತ ಕೂತಳು. ಅವಳಿಗೆ ಸಾಲು ತಪ್ಪಿತೇನೋ ಎಂದು ದುರಗಪ್ಪ ಬೆರಳಿಟ್ಟು ತೋರಿಸಹೋದ.

"ಎದಿಯಾಗ ಒಂದು ಗಂಟಾಗೇತ್ರಿ" ಎಂದಳು ಅವಳು. "ಸುಗ್ಗಿ ಸುರು ಆದಾಗಿಂದ ಐತಿ. ರಹಿಮತಬಿ ಒಬ್ಬಾಕಿಗೆ ಹೇಳೇನಿ. ದವಾಖಾನಿಗೆ ಹೋಗು ಅಂತ ದಿನಾ ಬೈತಾಳ. ನನಗ ಅಂಜಿಕಿ."

ದುರಗಪ್ಪನಿಗೆ ಮೊದಲು ಅರ್ಥವಾಗಲಿಲ್ಲ, ಅರ್ಥವಾದ ಮೇಲೆ ಹಾಳೆ ಮಡಚಿ ಬದಿಗಿಟ್ಟ. "ನನಗ ಯಾಕ ಹೇಳಲಿಲ್ಲ?" ಎನ್ನಲು ಬಾಯಿ ತೆರೆದವನು ಅದನ್ನು ಅಲ್ಲೇ ನುಂಗಿದ. ಉತ್ತರ ಇಬ್ಬರಿಗೂ ಗೊತ್ತಿತ್ತು.

"ನೂಸತೈತೇನು?" ಎಂದು ಕೇಳಿದ.

"ಇಲ್ಲ. ನೂಯೂದಿಲ್ಲ ಅಂತನ ಅಂಜಿಕಿ. ನೂಯದ ಗಂಟ ಕೆಟ್ಟದ್ದಂತ, ಯಾರೋ ಅಂದ್ರು."

"ಯಾರರ ಏನರ ಅನ್ಲಿ. ನಾಳೆ ಹೋಗೂಣು."

"ನಾಳೆ ಕೆಲಸ…"

"ಕೆಲಸ ಇರ್ಲಿ. ನಾನೂ ಬರ್ತೇನಿ."

ಮರುದಿನ ಹಾವೇರಿಯ ದೊಡ್ಡ ಆಸ್ಪತ್ರೆಗೆ ಹೋದರು. ಕನ್ನಡಕದ ಡಾಕ್ಟರಮ್ಮ ಮುಟ್ಟಿ ನೋಡಿದಳು, ಸ್ಕ್ಯಾನ್ ಮಾಡಿಸಿದಳು, ಸೂಜಿ ಹಾಕಿ ಸ್ವಲ್ಪ ತೆಗೆದು ಪರೀಕ್ಷೆಗೆ ಕಳಿಸಿದಳು. ಫಲಿತಾಂಶ ಬರಲು ಕೆಲವು ದಿನ ಬೇಕು, ಅಲ್ಲಿಯವರೆಗೆ ಏನೂ ಹೇಳಲಾಗದು ಎಂದಳು. ದುರಗಪ್ಪ ಚನ್ನೇಶನಿಗೆ ಫೋನ್ ಮಾಡಿ, "ಈ ವಾರ ನನ್ನ ಕಡೆ ಆಗೂದಿಲ್ಲಪಾ. ಬ್ಯಾರೇದವರನ್ನ ಕರಸಿದ್ರೂ ಕರಸ್ರಿ" ಎಂದು ಕಾರಣ ಹೇಳಿದ.

"ಕಾಕಾ, ಮೊದಲ ಕಾಕಿನ್ನ ನೋಡ್ಕೋರಿ. ಚಾನೆಲ್‌ನವರಿಗೆ ನಾ ಏನರ ಹೇಳ್ತೇನಿ" ಎಂದ ಚನ್ನೇಶ.

ಆ ದಿನಗಳನ್ನು ಇಬ್ಬರೂ ಹೇಗೋ ದೂಡಿದರು. ನೀಲವ್ವ ಮನೆಯಲ್ಲಿ ಕೂತರೆ ತಲೆ ಕೆಡುತ್ತದೆಂದು ಬ್ಯಾಡಗಿಗೇ ಹೋದಳು. ದುರಗಪ್ಪ ಸಂಜೆ ಬಸ್‌ಸ್ಟ್ಯಾಂಡಿಗೆ ಆಟೊ ಒಯ್ದು ಅವಳನ್ನು ಕರೆದುಕೊಂಡು ಬರತೊಡಗಿದ. ದಾರಿಯಲ್ಲಿ ಏನಾದರೂ ಕೇಳಬೇಕೆಂದು ಅವನಿಗೆ ಆಸೆ, ಏನು ಕೇಳಬೇಕೆಂದು ಹೊಳೆಯುತ್ತಿರಲಿಲ್ಲ. "ಇವತ್ತ ಕಾಯಿ ಹೆಂಗಿದ್ವು?" ಎಂದು ಕೇಳಿದ. ಅವಳು ಒಣಗಿದ್ದೆಷ್ಟು, ಹಸಿ ಉಳಿದದ್ದೆಷ್ಟು, ರಹಿಮತಬಿ ಏನೆಂದಳು, ಎಲ್ಲ ಹೇಳಿದಳು. ಮರುದಿನ ಅದನ್ನೇ ಕೇಳಿದ, ಅವಳು ಬೇರೆ ಹೇಳಿದಳು.

ಫಲಿತಾಂಶದ ದಿನ ಆಸ್ಪತ್ರೆಯ ಬೆಂಚಿನ ಮೇಲೆ ಇಬ್ಬರೂ ಕಾದು ಕೂತರು. ಒಳಗೆ ಕರೆದರು. ಡಾಕ್ಟರಮ್ಮ ಕಾಗದ ನೋಡಿ ಕನ್ನಡಕ ತೆಗೆದಳು.

"ಕೆಟ್ಟ ಗಂಟಲ್ಲ ಅಮ್ಮಾ. ಕ್ಯಾನ್ಸರ್ ಇಲ್ಲ. ಹೀಗೆ ಸಾದಾ ಗಂಟು ಕೆಲವರಿಗೆ ಆಗತಾವ. ಆರು ತಿಂಗಳು ಬಿಟ್ಟು ಮತ್ತೊಮ್ಮೆ ತೋರಿಸ್ಕೊಂಡು ಹೋಗ್ರಿ. ಅಷ್ಟರಾಗ ದೊಡ್ಡದಾತು, ನೂಯಾಕತ್ತಿತು ಅಂದ್ರ ತಡಾ ಮಾಡದ ಬರ್ರಿ."

ನೀಲವ್ವ ಸೆರಗು ಬಾಯಿಗೆ ಒತ್ತಿ ಹಿಡಿದು ಅತ್ತಳು. ದುರಗಪ್ಪ, ಡಾಕ್ಟರಮ್ಮನಿಗೆ ಕೈಮುಗಿಯಬೇಕೋ ಹೆಂಡತಿಯ ಹೆಗಲ ಮೇಲೆ ಕೈಯಿಡಬೇಕೋ ತಿಳಿಯದೆ ಒಂದೊಂದು ಕೈಯಲ್ಲಿ ಒಂದೊಂದು ಮಾಡಿದ. ಹೊರಗೆ ಬಂದು ಖಾನಾವಳಿ ಹುಡುಕಿದರು. ಇಬ್ಬರಿಗೂ ಅಷ್ಟು ದಿನದ ಹಸಿವು ಒಮ್ಮೆಲೇ ಬಂದಿತ್ತು. ನೀಲವ್ವ ರೊಟ್ಟಿ ಮುರಿಯುತ್ತಲೇ ರಹಿಮತಬಿಗೆ ಫೋನ್ ಮಾಡಿದಳು. ಆ ಕಡೆಯಿಂದ ಬೈಗುಳವೂ ಅಳುವೂ ಒಟ್ಟಿಗೆ ಕೇಳಿಸಿದವು.

ಚನ್ನೇಶ ಯಾರನ್ನೂ ಕರೆಸಿರಲಿಲ್ಲ. ಚಿತ್ರ ಬಿಡಿಸುವುದು ಬಾಕಿ ಇದೆಯೆಂದು ಚಾನೆಲ್ಲಿನವರಿಗೆ ಹೇಳಿ ದಿನ ತಳ್ಳಿದ್ದ. ವಾರ ಬಿಟ್ಟು ದುರಗಪ್ಪ ಮಾಳಿಗೆ ಹತ್ತಿದಾಗ ನೀಲವ್ವನೂ ಜೊತೆಗಿದ್ದಳು. ದನಿ ಹಿಡಿಯುವ ಕೋಣೆಯ ಗಾಜಿನ ಆಚೆ ಅವಳನ್ನು ಕೂರಿಸಿದರು. ದುರಗಪ್ಪ ಮೈಕಿನ ಮುಂದೆ ನಿಂತು, ಗಾಜಿನಾಚೆ ನೋಡಿ ಹೇಳಿದ.

"ಯಾಕ ಸುಮ್ನ ಕುಂತಿ? ಏನಾಗೇತಿ, ಹೇಳು ನನ್ನ ಮುಂದ."

ಚನ್ನೇಶ ಕಿವಿಯ ಹೆಡ್‌ಫೋನ್ ಒತ್ತಿ ಹಿಡಿದ. "ಕಾಕಾ, ಚಲೋ ಬಂತು. ಖರೇನ ಚಲೋ ಬಂತು. ಆದ್ರ ಭಾಳ ಸಣ್ಣಗಾತು, ಒಂದೀಟು ಜೋರ್ ಹೇಳ್ರಿ."

ಜೋರಾಗಿ ಹೇಳೆಂದು ದುರಗಪ್ಪನಿಗೆ ಹುಟ್ಟಿದಾಗಿಂದ ಯಾರೂ ಹೇಳಿರಲಿಲ್ಲ. ಗಾಜಿನಾಚೆ ನೀಲವ್ವ ನಗೆ ತಡೆಯಲಾರದೆ ಎದ್ದು ಹೊರಗೆ ಹೋದಳು.

'ಮೈಕಪ್ಪನ ಮನಿ' ದೀಪಾವಳಿಯ ಹೊತ್ತಿಗೆ ಟಿವಿಗೆ ಬರುತ್ತದಂತೆ. ಓಣಿಯ ಮಕ್ಕಳು ಈಗಲೇ ಯಾವತ್ತು ಎಂದು ಕೇಳುತ್ತಿದ್ದಾರೆ. ಹಾವೇರಿಯಿಂದ ಮರಳುವ ಆ ಸಂಜೆ ಮಾತ್ರ ಇಬ್ಬರೂ ಅದರ ಮಾತೆತ್ತಲಿಲ್ಲ. ಬಸ್ಸಿನಲ್ಲಿ ಕಿಟಕಿಯ ಪಕ್ಕ ಕೂತು ನೀಲವ್ವ ರಹಿಮತಬಿಯ ಮೊಮ್ಮಗಳ ಮದುವೆಯ ಸುದ್ದಿ ತೆಗೆದಳು. ಬೀಗರು ಯಾರು, ಸೀರೆ ಎಲ್ಲಿ ತಂದರು, ಯಾರು ಸಿಟ್ಟಾದರು ಎಂದು ಹೇಳುತ್ತ ಹೋದಳು. ಮೋಟೆಬೆನ್ನೂರು ದಾಟುವಾಗ ಅವಳಿಗೆ ನಿದ್ದೆ ಹತ್ತಿತು. ಸಿಟ್ಟಾದವರು ಮದುವೆಗೆ ಬಂದರೋ ಇಲ್ಲವೋ ತಿಳಿಯದೆ ದುರಗಪ್ಪ ರಾಣೆಬೆನ್ನೂರು ಬರುವವರೆಗೆ ಎಚ್ಚರವಾಗಿ ಕೂತಿದ್ದ.